ಸಮುರಾಯ್ ಕತ್ತಿ ನೋಡಲು ಜಪಾನಿಗೆ ಹೊರಟವರು ಮೊದಲು ತಾರೀಖು ನೋಡಿಕೊಳ್ಳಿ

ಟೋಕಿಯೊದ ಉಯೆನೊ ಪಾರ್ಕಿನಲ್ಲಿರುವ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ‘ಮಿಕಾಜುಕಿ ಮುನೆಚಿಕಾ’ ಕತ್ತಿ ಇದೆ ಎಂದು ಎಲ್ಲ ಕಡೆ ಬರೆದಿರುತ್ತದೆ. ಇರುವುದು ನಿಜ. ಹೋದ ದಿನ ನೋಡಲು ಸಿಗುತ್ತದೆ ಎಂದು ಮಾತ್ರ ಯಾರೂ ಬರೆದಿಲ್ಲ, ಅದನ್ನು ನಾವೇ ಊಹಿಸಿಕೊಂಡು ಹೋಗುತ್ತೇವೆ. ಜಪಾನಿನ ಹೆಸರಾಂತ ಕತ್ತಿಗಳು ವರ್ಷದ ಬಹುಪಾಲು ಎಣ್ಣೆ ಸವರಿಸಿಕೊಂಡು, ಬಿಳಿ ಮರದ ಒರೆಯೊಳಗೆ, ಉಗ್ರಾಣದಲ್ಲಿ ಮಲಗಿರುತ್ತವೆ. ಕೆಲವು ವಾರ ಹೊರಗೆ ಬಂದು ಮತ್ತೆ ಒಳಗೆ ಹೋಗುತ್ತವೆ. ಆದ್ದರಿಂದ ಊರುಗಳ ಪಟ್ಟಿ ಹಿಡಿದು ಈ ಪ್ರವಾಸ ಶುರು ಮಾಡಬೇಡಿ. ಯಾವ ಕತ್ತಿ ಯಾವ ವಾರ ಗಾಜಿನ ಪೆಟ್ಟಿಗೆಗೆ ಬರುತ್ತದೆ ಎಂದು ತಿಳಿದುಕೊಂಡು, ಆಮೇಲೆ ವಿಮಾನದ ಟಿಕೆಟ್ ಮಾಡಿಸಿ.

ಉಯೆನೊದಲ್ಲಿ ಕತ್ತಿಗಳಿರುವುದು ಹೊನ್‌ಕಾನ್ ಎಂಬ ಮುಖ್ಯ ಕಟ್ಟಡದ ನೆಲಮಹಡಿಯ 13ನೇ ಕೊಠಡಿಯಲ್ಲಿ. ಸುಮಾರು ಮೂರು ತಿಂಗಳಿಗೊಮ್ಮೆ ಅಲ್ಲಿನ ಕತ್ತಿಗಳನ್ನು ಬದಲಿಸುತ್ತಾರೆ. ಸಂಗ್ರಹಾಲಯದ ಜಾಲತಾಣದಲ್ಲಿ ಕೊಠಡಿವಾರು ಪಟ್ಟಿ ಇರುತ್ತದೆ, ಯಾವ ವಸ್ತು ಯಾವ ದಿನದಿಂದ ಯಾವ ದಿನದವರೆಗೆ ಎಂದು ಸ್ಪಷ್ಟವಾಗಿ ಬರೆದಿರುತ್ತಾರೆ. ಪ್ರವೇಶಕ್ಕೆ 1000 ಯೆನ್, ಸೋಮವಾರ ರಜೆ. ಮಿಕಾಜುಕಿಯಂಥ ದೊಡ್ಡ ಹೆಸರು ಹೊರಗೆ ಬಂದಿದ್ದರೆ ಶನಿವಾರ, ಭಾನುವಾರ ಅತ್ತ ಸುಳಿಯಬೇಡಿ. 2015ರಲ್ಲಿ ಬಂದ ‘ತೋಕೆನ್ ರಾಂಬು’ ಎಂಬ ಆನ್‌ಲೈನ್ ಆಟದಲ್ಲಿ ಪ್ರತಿಯೊಂದು ಪ್ರಸಿದ್ಧ ಕತ್ತಿಯೂ ಒಬ್ಬ ಸುಂದರ ಯುವಕನ ರೂಪ ತಾಳಿದೆ. ಅಂದಿನಿಂದ ಕತ್ತಿಯ ಪ್ರದರ್ಶನಗಳಿಗೆ ಯುವತಿಯರ ಸಾಲು ಗೇಟಿನಾಚೆ ಬೆಳೆಯುತ್ತದೆ. ಅವರನ್ನು ಬೈಯುವಂತಿಲ್ಲ. ಸದ್ದಿಲ್ಲದೆ ನಿಲ್ಲುತ್ತಾರೆ, ಅಲಗಿನ ವಿವರಗಳನ್ನು ನಮ್ಮ ನಿಮಗಿಂತ ಚೆನ್ನಾಗಿ ಬಲ್ಲರು. ಆದರೆ ಗಂಟೆ ಹೊತ್ತು ನಿಂತ ಮೇಲೆ ಗಾಜಿನೆದುರು ಸಿಗುವುದು ಅರ್ಧ ನಿಮಿಷ. ಅಷ್ಟರಲ್ಲಿ ಕತ್ತಿ ಕಾಣುವುದಿಲ್ಲ. ಬರೀ ಹೊಳೆಯುವ ಕಬ್ಬಿಣ ಕಾಣುತ್ತದೆ.

ಹಾಗಾದರೆ ಕತ್ತಿ ಕಾಣುವುದು ಹೇಗೆ? ಇದನ್ನು ಊರಲ್ಲೇ ಕಲಿತು ಹೋಗಿ, ಇಲ್ಲದಿದ್ದರೆ ಕೊಟ್ಟ ದುಡ್ಡೆಲ್ಲ ದಂಡ.

ಮೊದಲ ಆಶ್ಚರ್ಯ, ಪೆಟ್ಟಿಗೆಯಲ್ಲಿ ಹಿಡಿ ಇರುವುದಿಲ್ಲ, ಬಣ್ಣದ ಒರೆಯೂ ಇರುವುದಿಲ್ಲ. ಬರಿಯ ಅಲಗು ಮಾತ್ರ. ಅಲಂಕಾರದ ಹಿಡಿ, ಒರೆಗಳನ್ನು ಬೇರೆಯಾಗಿಯೇ ಕಾಪಾಡುತ್ತಾರೆ, ಬೇರೆಯಾಗಿಯೇ ಪ್ರದರ್ಶಿಸುತ್ತಾರೆ. ಎರಡನೆಯದು, ಬಾಯಿ ಯಾವ ಕಡೆಗಿದೆ ನೋಡಿ. ಬಾಯಿ ಕೆಳಗಾಗಿ ಇಟ್ಟಿದ್ದರೆ ಅದು ತಾಚಿ, ಕುದುರೆ ಸವಾರ ಸೊಂಟದಿಂದ ತೂಗುಬಿಡುತ್ತಿದ್ದ ಹಳೆಯ ಬಗೆ. ಬಾಯಿ ಮೇಲಾಗಿದ್ದರೆ ಕತಾನಾ, ನಡುಪಟ್ಟಿಗೆ ಸಿಕ್ಕಿಸಿಕೊಳ್ಳುತ್ತಿದ್ದ ಆಮೇಲಿನ ಬಗೆ. ಇದು ಯಾರದೋ ಇಷ್ಟಕ್ಕೆ ಇಟ್ಟದ್ದಲ್ಲ. ತೊಟ್ಟಾಗ ಹೊರಗೆ ಕಾಣುವ ಮಗ್ಗುಲಿನಲ್ಲೇ ಕಮ್ಮಾರ ಸಾಮಾನ್ಯವಾಗಿ ಸಹಿ ಕೆತ್ತುತ್ತಿದ್ದ, ಆ ಮಗ್ಗುಲು ನಮ್ಮ ಕಡೆ ಇರಬೇಕು. ಉದ್ದವನ್ನು ಶಾಕು ಲೆಕ್ಕದಲ್ಲಿ ಅಳೆಯುತ್ತಾರೆ. ಒಂದು ಶಾಕು ಎಂದರೆ 30.3 ಸೆಂಟಿಮೀಟರ್. ಎರಡು ಶಾಕಿನ ಮೇಲಿದ್ದರೆ ಉದ್ದಕತ್ತಿ, ಒಂದರಿಂದ ಎರಡರ ನಡುವೆ ವಾಕಿಜಾಶಿ, ಒಂದಕ್ಕಿಂತ ಕಡಿಮೆ ಇದ್ದರೆ ತಾಂತೊ.

ಆಮೇಲೆ ಹಿಡಿಯೊಳಗೆ ಹೋಗುವ ತುದಿಯನ್ನು ನೋಡಿ. ತುಕ್ಕು ಹಿಡಿದ ಆ ಭಾಗವನ್ನು ಯಾರೂ ಉಜ್ಜುವುದಿಲ್ಲ, ಏಕೆಂದರೆ ತುಕ್ಕಿನ ಬಣ್ಣದಿಂದಲೇ ವಯಸ್ಸು ಹೇಳುತ್ತಾರೆ. ಅಲ್ಲಿ ಹಿಡಿಯ ಬೆಣೆ ಕೂರುವ ತೂತು ಒಂದರ ಬದಲು ಎರಡು ಮೂರು ಇದ್ದರೆ ಸಾಮಾನ್ಯವಾಗಿ ಕತ್ತಿಯನ್ನು ಎಂದೋ ಮೊಟಕು ಮಾಡಿದ್ದಾರೆ ಎಂದು ತಿಳಿಯಿರಿ. ಹದಿನಾಲ್ಕನೆಯ ಶತಮಾನದ ನೀಳ ತಾಚಿಗಳನ್ನು ಆಮೇಲಿನವರು ತಮ್ಮ ಕಾಲದ ಉದ್ದಕ್ಕೆ ಕತ್ತರಿಸಿಕೊಂಡರು. ಕತ್ತರಿಸುವುದು ಬುಡದ ಕಡೆಯಿಂದ. ಹಾಗಾಗಿ ಎಷ್ಟೋ ಶ್ರೇಷ್ಠ ಕತ್ತಿಗಳಲ್ಲಿ ಮಾಡಿದವನ ಹೆಸರೇ ಹೋಗಿದೆ, ಫಲಕದಲ್ಲಿ ‘ಸಹಿ ಇಲ್ಲ’, ‘ಇಂಥವನದು ಎನ್ನುತ್ತಾರೆ’ ಎಂದು ಬರೆದಿರುತ್ತದೆ.

ಕೊನೆಗೆ ಹಾಮೋನ್. ಬಾಯಿಯ ಉದ್ದಕ್ಕೂ ಮೋಡದಂಚಿನಂತೆ ಸಾಗುವ ಬೆಳ್ಳನೆಯ ಗೆರೆ. ನೇರ ನಿಂತು ನೋಡಿದರೆ ಕಾಣುವುದಿಲ್ಲ. ಮಂಡಿ ಬಗ್ಗಿಸಿ, ದೀಪದ ಪ್ರತಿಬಿಂಬ ಅಲಗಿನ ಮೇಲೆ ಬೀಳುವವರೆಗೆ ತಲೆ ತಗ್ಗಿಸಿ, ಆ ಬೆಳಕಿನ ಅಂಚಿನಲ್ಲಿ ನೋಡಬೇಕು. ಗಾಜಿನೆದುರು ಬಸ್ಕಿ ಹೊಡೆಯುವಂತೆ ಏಳುತ್ತ ಕೂರುತ್ತ ಇರುವವರು ಕಂಡರೆ ಅವರು ಗೊತ್ತಿದ್ದವರು ಎಂದು ಲೆಕ್ಕ. ನಾಲ್ಕರಿಂದ ಆರು ಪಟ್ಟು ಹಿಗ್ಗಿಸುವ, ಹತ್ತಿರದ ವಸ್ತುವಿಗೆ ಹೊಂದುವ ಒಂಟಿಕಣ್ಣಿನ ದುರ್ಬೀನು ಇದ್ದರೆ ಗೆರೆಯೊಳಗಿನ ಹರಳು ಹರಳಾದ ಚುಕ್ಕೆಗಳೂ ಕಾಣುತ್ತವೆ. ಗೆರೆ ಹುಟ್ಟುವುದು ಹದ ಹಾಕುವಾಗ. ಅಲಗಿಗೆ ಜೇಡಿಮಣ್ಣಿನ ಲೇಪ ಬಳಿಯುತ್ತಾರೆ: ಬೆನ್ನಿಗೆ ದಪ್ಪ, ಬಾಯಿಗೆ ತೆಳು. ಸುಮಾರು 750ರಿಂದ 800 ಡಿಗ್ರಿಗೆ ಕಾಯಿಸಿ ನೀರಿಗೆ ಅದ್ದಿದಾಗ ಬಾಯಿ ತಟ್ಟನೆ ತಣಿದು ಗಡುಸಾಗುತ್ತದೆ, ಬೆನ್ನು ನಿಧಾನವಾಗಿ ತಣಿದು ಮೆದುವಾಗಿಯೇ ಉಳಿಯುತ್ತದೆ. ಗಡುಸಾದ ಭಾಗ ಹಿಗ್ಗುವುದರಿಂದ ಅಲಗು ಬೆನ್ನಿನ ಕಡೆಗೆ ಬಾಗುತ್ತದೆ. ಸಮುರಾಯ್ ಕತ್ತಿಯ ಬಾಗಿನಲ್ಲಿ ನೀರಿನ ಪಾಲೂ ಇದೆ. ಅದೇ ಕ್ಷಣದಲ್ಲಿ ಬಾಯಿಗೆ ಅಡ್ಡವಾಗಿ ಕೂದಲೆಳೆಯ ಬಿರುಕು ಬಿಟ್ಟರೆ ತಿಂಗಳುಗಟ್ಟಲೆ ಮಾಡಿದ ಕೆಲಸ ಗುಜರಿಗೆ.

ಉಯೆನೊದ ಜನಸಂದಣಿ ಬೇಡ ಎನ್ನುವವರಿಗೆ ಟೋಕಿಯೊದಲ್ಲೇ ಇರುವ ರ್‍ಯೋಗೊಕುವಿನ ಕತ್ತಿ ಸಂಗ್ರಹಾಲಯ ಸಾಕು. ಕತ್ತಿಗಳ ಸಂರಕ್ಷಣೆಗೆಂದು 1948ರಲ್ಲಿ ಹುಟ್ಟಿದ ಸಂಘ ಅದನ್ನು ನಡೆಸುತ್ತದೆ. 2018ರಲ್ಲಿ ಯೊಯೊಗಿಯಿಂದ ಇಲ್ಲಿಗೆ ಬಂತು, ಹಳೆಯ ಮಾರ್ಗದರ್ಶಿಗಳಲ್ಲಿ ಇನ್ನೂ ಯೊಯೊಗಿ ವಿಳಾಸವೇ ಇದ್ದರೆ ನಂಬಬೇಡಿ. ಮೂರನೆಯ ಮಹಡಿಯಲ್ಲಿ ಒಂದೇ ಸಭಾಂಗಣ, ಒಳ್ಳೆಯ ಬೆಳಕು. ಒಂದು ಪ್ರದರ್ಶನ ಮುಗಿದು ಇನ್ನೊಂದು ಶುರುವಾಗುವ ನಡುವೆ ಪೂರ್ತಿ ಮುಚ್ಚಿರುತ್ತದೆ, ಅದನ್ನು ನೋಡಿಕೊಂಡು ಹೋಗಿ. ಜನವರಿ, ಮೇ, ಸೆಪ್ಟೆಂಬರಿನಲ್ಲಿ ಪಕ್ಕದಲ್ಲೇ ಸುಮೋ ಪಂದ್ಯಾವಳಿ ನಡೆಯುವಾಗ ಆ ಸ್ಟೇಷನ್ನಿನಿಂದ ಹೊರಗೆ ಬರುವುದೇ ಒಂದು ಸಾಹಸ.

ಟೋಕಿಯೊದ ಸುತ್ತಮುತ್ತ ಒಂದೇ ದಿನ ಇದೆ ಎನ್ನುವವರಿಗೆ ನಾನು ಹೇಳುವ ಜಾಗ ಮಾತ್ರ ಬೇರೆ, ಸೈತಾಮಾ ಪ್ರಾಂತದ ಗ್ಯೋದಾ. ಅಲ್ಲಿರುವುದು ಸಮುರಾಯ್‌ಗಳಿಗಿಂತ ಎಷ್ಟೋ ಶತಮಾನ ಹಿಂದಿನ, ನೇರವಾದ, ಇಬ್ಬಾಯಿಯ ಕಬ್ಬಿಣದ ಖಡ್ಗ. 1968ರಲ್ಲಿ ಇನಾರಿಯಾಮಾ ಸಮಾಧಿ ದಿಬ್ಬವನ್ನು ಅಗೆದಾಗ ಸಿಕ್ಕಿತು. ಹತ್ತು ವರ್ಷದ ಮೇಲೆ, 1978ರಲ್ಲಿ, ತುಕ್ಕಿನಿಂದ ಉಳಿಸಿಕೊಳ್ಳಲು ಎಕ್ಸ್‌ರೇ ತೆಗೆದವರಿಗೆ ಒಳಗೆ ಬಂಗಾರದ ಅಕ್ಷರಗಳು ಕಂಡವು, ಎರಡೂ ಮಗ್ಗುಲು ಸೇರಿ 115. ಕ್ರಿ.ಶ. 471 ಎಂದು ಹೆಚ್ಚಿನ ವಿದ್ವಾಂಸರು ಓದುವ ವರ್ಷ, ಎಂಟು ತಲೆಮಾರಿನ ವಂಶಾವಳಿ, ವಾಕಾತಾಕೆರು ಎಂಬ ದೊರೆಯ ಸೇವೆಯ ಮಾತು ಅದರಲ್ಲಿದೆ. ಕತ್ತಿಯ ಮೇಲೆ ಯುದ್ಧದ ಮಾತೇ ಇಲ್ಲ, ಇರುವುದು ನಾನು ಯಾರ ಮಗ, ಯಾರ ಸೇವಕ ಎಂಬ ಮಾತು. ಜಪಾನಿನಲ್ಲಿ ಕತ್ತಿ ಎಂದರೆ ಏನು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪೀಠಿಕೆ ಇನ್ನೊಂದಿಲ್ಲ. ರಾಷ್ಟ್ರೀಯ ನಿಧಿಯಾದರೂ ಅಲ್ಲಿನ ಸಂಗ್ರಹಾಲಯದಲ್ಲಿ ಸಾರಜನಕ ತುಂಬಿದ ಪೆಟ್ಟಿಗೆಯಲ್ಲಿ ಕಾಯಮ್ಮಾಗಿ ಕಾಣಸಿಗುತ್ತದೆ, ಟಿಕೆಟ್ ದರವೂ ಜುಜುಬಿ. ತಾಕಾಸಾಕಿ ಮಾರ್ಗದ ರೈಲಿನಲ್ಲಿ ಹೋಗಿ ಫುಕಿಯಾಗೆಯಲ್ಲಿ ಇಳಿದು ಬಸ್ ಹಿಡಿಯಬೇಕು. ಬಸ್ ವಿರಳ, ಹಿಂದಿರುಗುವ ಬಸ್ಸಿನ ಹೊತ್ತನ್ನು ಇಳಿದ ತಕ್ಷಣ ಫೋಟೊ ಹೊಡೆದುಕೊಳ್ಳಿ.

ನಾಗೊಯಾದ ಅತ್ಸುತಾ ದೇಗುಲದಲ್ಲಿ ಇದೇ ವಿಷಯದ ಇನ್ನೊಂದು ಮುಖ. ಚಕ್ರವರ್ತಿಯ ಮೂರು ಪವಿತ್ರ ವಸ್ತುಗಳಲ್ಲಿ ಒಂದಾದ ಕುಸಾನಾಗಿ ಖಡ್ಗ ಇಲ್ಲಿದೆ ಎಂಬುದು ನಂಬಿಕೆ. ಯಾರಿಗೂ ತೋರಿಸುವುದಿಲ್ಲ. 1185ರಲ್ಲಿ ದಾನ್‌ನೊಉರಾ ಕಡಲ ಕಾಳಗದಲ್ಲಿ ಬಾಲಚಕ್ರವರ್ತಿಯ ಜೊತೆ ಮುಳುಗಿದ್ದು ಅದರ ಪ್ರತಿರೂಪ, ಮೂಲ ಇಲ್ಲೇ ಇತ್ತು ಎನ್ನುತ್ತಾರೆ. 2019ರಲ್ಲಿ ಈಗಿನ ಚಕ್ರವರ್ತಿ ಪಟ್ಟಕ್ಕೆ ಬಂದಾಗ ಮುಂದಿಟ್ಟ ಖಡ್ಗವೂ ಪೆಟ್ಟಿಗೆಯಲ್ಲಿ ಮುಚ್ಚಿಯೇ ಇತ್ತು. ನಮ್ಮಲ್ಲಿ ಆಯುಧಪೂಜೆ ದಿನ ಕತ್ತಿಯನ್ನು ಹೊರಗೆ ತೆಗೆದು ಕುಂಕುಮ ಹಚ್ಚುತ್ತೇವೆ, ಅಲ್ಲಿ ದೇವರಾದ ಕತ್ತಿ ಹೊರಗೆ ಬರುವುದೇ ಇಲ್ಲ. ಹಾಗೆಂದು ಬರಿಗೈಯಲ್ಲಿ ಹಿಂದಿರುಗಬೇಕಾಗಿಲ್ಲ. ಆವರಣದೊಳಗೆ 2021ರಲ್ಲಿ ತೆರೆದ ‘ಕುಸಾನಾಗಿ ಭವನ’ದಲ್ಲಿ ಭಕ್ತರು, ದೊರೆಗಳು ಒಪ್ಪಿಸಿದ ಕತ್ತಿಗಳನ್ನು ಸರದಿಯಂತೆ ಇಡುತ್ತಾರೆ. 1570ರ ಅನೆಗಾವಾ ಕಾಳಗದ ಮಾಕಾರಾ ಎಂಬ ಯೋಧನ ಹೆಸರಿಗೆ ಅಂಟಿಕೊಂಡ ದೈತ್ಯ ಕತ್ತಿ ಇಲ್ಲಿಯದು, ಅಲಗೇ 221 ಸೆಂಟಿಮೀಟರ್ ದಾಟುತ್ತದೆ. ಮಾಮೂಲು ಕತಾನಾದ ಅಲಗು ಕಿಲೋ ಒಳಗೇ ಇರುತ್ತದೆ ಎಂಬುದು ಗೊತ್ತಿದ್ದರೆ ಅದರೆದುರು ನಿಂತಾಗ ಅದರ ಭಾರದ ಅಂದಾಜು ಸಿಗುತ್ತದೆ.

ಇಷ್ಟು ಹೊತ್ತಿಗೆ ಒಂದು ಮಾತು ಬಿಡಿಸಿ ಹೇಳಬೇಕು. ‘ಕತ್ತಿಯೇ ಸಮುರಾಯ್‌ನ ಆತ್ಮ’ ಎಂಬ ಮಾತು ಅಂಗಡಿಯ ಟೀ ಶರ್ಟುಗಳ ಮೇಲೂ ಇದೆ. ಆದರೆ ನಿಜವಾಗಿ ಕಾಳಗಗಳು ನಡೆಯುತ್ತಿದ್ದ ಕಾಲದಲ್ಲಿ ಯೋಧಧರ್ಮವನ್ನು ಕರೆಯುತ್ತಿದ್ದುದು ‘ಬಿಲ್ಲು ಕುದುರೆಯ ದಾರಿ’ ಎಂದು. ಆಮೇಲೆ ಭರ್ಜಿ ಬಂತು, 1543ರಲ್ಲಿ ಪೋರ್ಚುಗೀಸರ ಮೂಲಕ ಕೋವಿ ಬಂತು. ಕತ್ತಿ ಬಹುಮಟ್ಟಿಗೆ ಸೊಂಟದ ಆಸರೆ. 1588ರಲ್ಲಿ ದೇಶವನ್ನು ಒಂದುಗೂಡಿಸುತ್ತಿದ್ದ ದೊರೆ ಹಿದೆಯೋಶಿ ರೈತರ ಕತ್ತಿಗಳನ್ನು ಕಿತ್ತುಕೊಂಡ. ಆ ಲೋಹವನ್ನು ಮಹಾಬುದ್ಧನ ಮಂದಿರದ ಮೊಳೆ, ಅಗುಳಿಗಳಿಗೆ ಬಳಸುತ್ತೇವೆ, ನಿಮಗೆ ಪುಣ್ಯ ಬರುತ್ತದೆ ಎಂದು ಆಜ್ಞೆಯಲ್ಲಿ ಬರೆಸಿದ್ದ. 1603ರ ಮೇಲೆ ತೋಕುಗಾವಾ ಮನೆತನದ ಆಳ್ವಿಕೆಯಲ್ಲಿ ಶಾಂತಿ ನೆಲೆಸಿ, ಜೋಡಿ ಕತ್ತಿ ಸಮುರಾಯ್‌ಗಳಿಗೆ ಮಾತ್ರ ಎಂದಾಯಿತು. ಬಳಸುವ ಸಂದರ್ಭ ಕಡಿಮೆಯಾದಷ್ಟೂ ಕತ್ತಿಯ ಬೆಲೆ ಏರಿತು. ಮಗು ಹುಟ್ಟಿದರೆ, ಪಟ್ಟ ಕೈಬದಲಾದರೆ, ದೊರೆಗಳ ನಡುವೆ ಕತ್ತಿಯ ಉಡುಗೊರೆ ಓಡಾಡುತ್ತಿತ್ತು. ಹೊನಾಮಿ ಮನೆತನ ಅಲಗು ನೋಡಿ ಇಂಥವನದು, ಇಷ್ಟು ಚಿನ್ನದ ನಾಣ್ಯ ಬಾಳುತ್ತದೆ ಎಂದು ಮಡಿಸಿದ ಕಾಗದದಲ್ಲಿ ಬರೆದುಕೊಡುತ್ತಿತ್ತು. ಸಂಗ್ರಹಾಲಯಗಳಲ್ಲಿ ಕತ್ತಿಯ ಪಕ್ಕ ಆ ಕಾಗದ ಇದ್ದರೆ ತಪ್ಪದೆ ನೋಡಿ. ಆ ಯುಗದಲ್ಲಿ ಕತ್ತಿಯ ನಿಜವಾದ ಮಾತು ಅದರಲ್ಲಿದೆ. 1876ರ ಮಾರ್ಚಿನಲ್ಲಿ ಸೈನ್ಯ, ಪೊಲೀಸರನ್ನು ಬಿಟ್ಟು ಉಳಿದವರು ಕತ್ತಿ ತೊಡುವಂತಿಲ್ಲ ಎಂಬ ಆಜ್ಞೆ ಬಂದು, ಕಮ್ಮಾರರು ಅಡುಗೆ ಚಾಕು, ಕತ್ತರಿಗಳಿಗೆ ಇಳಿದರು.

ಚಾಕು, ಕತ್ತರಿ ಎಂದರೆ ಸೆಕಿ. ಗಿಫು ಪ್ರಾಂತದ ಈ ಊರಿಗೆ ಹೋಗುವ ದಾರಿ ಎರಡು: ಗಿಫುವಿನಿಂದ ಬಸ್, ಅಥವಾ ಮಿನೊ ಓತಾದಿಂದ ಒಂದೇ ಬೋಗಿಯ ನಾಗಾರಾಗಾವಾ ರೈಲು. ಎರಡರಲ್ಲೂ ತೊಂದರೆ ದೂರದ್ದಲ್ಲ, ಚಿಲ್ಲರೆಯದು. ಹಳ್ಳಿಗಾಡಿನ ಬಸ್ಸು, ರೈಲುಗಳಲ್ಲಿ ಟೋಕಿಯೊದಲ್ಲಿ ರೈಲು, ಬಸ್ಸಿಗೆ ಬಳಸುವ ಕಾರ್ಡು ನಡೆಯುವುದಿಲ್ಲ ಎಂದುಕೊಂಡೇ ಹೊರಡಿ. ಹತ್ತುವಾಗ ಬಾಗಿಲ ಬಳಿಯ ಯಂತ್ರದಿಂದ ನಂಬರ್ ಇರುವ ಚೀಟಿ ತೆಗೆದುಕೊಳ್ಳಬೇಕು. ಡ್ರೈವರನ ತಲೆಯ ಮೇಲಿನ ಫಲಕದಲ್ಲಿ ಆ ನಂಬರಿನ ಕೆಳಗೆ ದರ ಏರುತ್ತಾ ಹೋಗುತ್ತದೆ. ಇಳಿಯುವಾಗ ಚೀಟಿಯನ್ನೂ ಸರಿಯಾದ ಚಿಲ್ಲರೆಯನ್ನೂ ಡಬ್ಬಿಗೆ ಹಾಕಬೇಕು. ಡಬ್ಬಿ ಬಾಕಿ ಕೊಡುವುದಿಲ್ಲ. ಪಕ್ಕದ ಯಂತ್ರ 1000 ಯೆನ್ ನೋಟನ್ನು ಮುರಿದುಕೊಡುತ್ತದೆ, 10,000ದ ನೋಟನ್ನು ಮುಟ್ಟುವುದಿಲ್ಲ. ವಿಮಾನ ನಿಲ್ದಾಣದ ಎಟಿಎಂ ನಮಗೆ ಕೊಡುವುದು ಹೆಚ್ಚಾಗಿ 10,000ದ ನೋಟುಗಳನ್ನೇ. ಚೀಟಿ ತೆಗೆಯಲು ಮರೆತರೆ ಹೊರಟ ಜಾಗದಿಂದ ಪೂರ್ತಿ ದರ. ನಿಮ್ಮ ಹಿಂದೆ ಶಾಲೆಯ ಮಕ್ಕಳು, ಅಜ್ಜಿಯರು ಸಾಲಾಗಿ ನಿಂತಿರುತ್ತಾರೆ, ಯಾರೂ ಒಂದು ಮಾತು ಆಡುವುದಿಲ್ಲ, ಬಸ್ಸು ನಿಂತೇ ಇರುತ್ತದೆ. ಬೈದಿದ್ದರೇ ಚೆನ್ನಾಗಿತ್ತು ಅನ್ನಿಸುತ್ತದೆ. ಹಿಂದಿನ ರಾತ್ರಿಯೇ ಯಾವುದಾದರೂ ಅಂಗಡಿಯಲ್ಲಿ ನೀರಿನ ಬಾಟಲಿ ಕೊಂಡು ನೋಟು ಮುರಿಸಿಕೊಳ್ಳಿ, ನೂರರ ನಾಣ್ಯ ಹತ್ತಾದರೂ ಜೇಬಿನಲ್ಲಿರಲಿ.

ಸೆಕಿಯ ಕಮ್ಮಾರರ ಸಂಗ್ರಹಾಲಯಕ್ಕೆ 300 ಯೆನ್, ಮಂಗಳವಾರ ರಜೆ. ಉಳಿದ ಕಡೆ ಹೆಚ್ಚಾಗಿ ಸೋಮವಾರ, ಇಲ್ಲಿ ಮಂಗಳವಾರ, ಆ ಎರಡು ದಿನಗಳಲ್ಲಿ ಪ್ರಯಾಣ ಇಟ್ಟುಕೊಳ್ಳುವುದೇ ಜಾಣತನ. ಎಂದಿನ ದಿನದಲ್ಲಿ ಅಲ್ಲಿ ಇರುವುದು ಕೆಲವು ಅಲಗು, ಕೆಲವು ವಿಡಿಯೊ. ಹೋಗಬೇಕಾದದ್ದು ಕತ್ತಿ ಬಡಿಯುವ ದಿನ. ಜನವರಿ 2ರಂದು ವರ್ಷದ ಮೊದಲ ಬಡಿತ ನಡೆಯುತ್ತದೆ. ಅಕ್ಟೋಬರಿನ ಚಾಕು ಹಬ್ಬದಲ್ಲಿ ಮತ್ತೆ ನಡೆಯುತ್ತದೆ, ನಡುವೆಯೂ ಕೆಲವು ಭಾನುವಾರ. ಹಬ್ಬದ ವಾರಾಂತ್ಯದಲ್ಲಿ ಸೆಕಿಯಲ್ಲಿ ರೂಮು ಹುಡುಕಬೇಡಿ, ಗಿಫುವಿನಲ್ಲಿ ಉಳಿಯಿರಿ.

ಬಡಿತ ನೋಡುವವರಿಗೆ ಕೆಲವು ಸೂಚನೆ. ಕೆಂಡದಂಥ ಕಿಡಿ ನಾಲ್ಕೈದು ಮೀಟರ್ ಹಾರುತ್ತದೆ. ನೈಲಾನ್ ಜಾಕೆಟ್ ಹಾಕಿದ್ದರೆ ತೂತು ಖಂಡಿತ, ಹತ್ತಿ ಬಟ್ಟೆ ಇರಲಿ. ಮುಖ್ಯ ಕಮ್ಮಾರ ಚಿಕ್ಕ ಸುತ್ತಿಗೆಯಲ್ಲಿ ಅಡಿಗಲ್ಲನ್ನು ತಟ್ಟಿ ಸನ್ನೆ ಮಾಡುತ್ತಾನೆ, ಎದುರಿನ ಇಬ್ಬರು ಮೂವರು ಉದ್ದ ಹಿಡಿಯ ಸಮ್ಮಟಿಗೆ ಎತ್ತಿ ಸರದಿಯಲ್ಲಿ ಬಡಿಯುತ್ತಾರೆ. ಅಡಿಗಲ್ಲಿನ ಮೇಲೆ ನೀರು ಚಿಮುಕಿಸಿ ಕೆಂಪು ಉಕ್ಕನ್ನು ಇಟ್ಟು ಹೊಡೆದಾಗ ದೀಪಾವಳಿಯ ಆಟಂಬಾಂಬಿನಂತೆ ಸದ್ದಾಗುತ್ತದೆ, ಮಕ್ಕಳಿದ್ದರೆ ಮೊದಲೇ ಹೇಳಿಡಿ. ಅದು ತೋರಿಕೆಗಲ್ಲ, ಸಿಡಿಯುವ ಹಬೆ ಮೇಲಿನ ಕಿಟ್ಟವನ್ನು ಕಿತ್ತೊಗೆಯುತ್ತದೆ. ನಡುನಡುವೆ ಉಕ್ಕನ್ನು ಹುಲ್ಲಿನ ಬೂದಿಯಲ್ಲಿ ಹೊರಳಿಸಿ ಮಣ್ಣಿನ ಗಂಜಿ ಹೊಯ್ಯುತ್ತಾರೆ, ಕುಲುಮೆಯಲ್ಲಿ ಮೈ ಸುಟ್ಟುಹೋಗದಿರಲಿ ಎಂದು. ಉಳಿಯಲ್ಲಿ ಗೀರು ಹಾಕಿ ಮಡಿಸುವುದು, ಮತ್ತೆ ಬಡಿದು ಉದ್ದ ಮಾಡುವುದು. ಹತ್ತು ಮಡಿಕೆಗೆ 1024 ಪದರ, ಹದಿನೈದಕ್ಕೆ ಮೂವತ್ತು ಸಾವಿರ ದಾಟುತ್ತದೆ. ಆದರೆ ಅಷ್ಟು ಮಡಿಸಿದರೆ ಇಂಗಾಲ ಇಳಿದು ಉಕ್ಕು ಮೆತ್ತಗಾಗುವ ಅಪಾಯವೂ ಇದೆ. ‘ಲಕ್ಷ ಸಲ ಮಡಿಸಿದ ಕತ್ತಿ’ ಎಂದು ಯಾರಾದರೂ ಮಾರಲು ಬಂದರೆ ನಕ್ಕು ಮುಂದೆ ನಡೆಯಿರಿ. ಇಡೀ ಕೆಲಸದಲ್ಲಿ ಪ್ರವಾಸಿಗೆ ಕಾಣುವುದು ಈ ಬಡಿತ ಮಾತ್ರ. ನೀರಿಗೆ ಅದ್ದುವ ಘಳಿಗೆಯನ್ನು ಉಕ್ಕಿನ ಬಣ್ಣ ತಿಳಿಯಲೆಂದು ಕತ್ತಲಲ್ಲಿ ಮಾಡುತ್ತಾರೆ. ಅದಕ್ಕೆ ಟಿಕೆಟ್ ಇಲ್ಲ.

ಬೆಳಿಗ್ಗೆ ಊಟ ತಿಂಡಿಯ ಚಿಂತೆ ಬೇಡ. ಈ ಸೀಮೆಯ, ಅಂದರೆ ಗಿಫು, ನಾಗೊಯಾ ಕಡೆಯ ಹಳೆಯ ಕಾಫಿ ಅಂಗಡಿಗಳಂಥ ಅಂಗಡಿ ಜಪಾನಿನಲ್ಲಿ ಬೇರೆಲ್ಲೂ ಇಲ್ಲ. ಹೊರಗೆ ಮಾಸಿದ ಬೋರ್ಡು, ಒಳಗೆ ಸವೆದ ವೆಲ್ವೆಟ್ ಸೋಫಾ, ಪತ್ರಿಕೆ ಹಿಡಿದ ಅಜ್ಜಂದಿರು. ಹನ್ನೊಂದು ಗಂಟೆಯ ಒಳಗೆ ಹೋಗಿ 450, 500 ಯೆನ್ನಿಗೆ ಒಂದು ಕಾಫಿ ಹೇಳಿ. ಕಾಫಿಯ ಜೊತೆ ಕೇಳದೆಯೇ ಹೆಬ್ಬೆರಳು ದಪ್ಪದ ಬೆಣ್ಣೆ ಹಚ್ಚಿದ ಟೋಸ್ಟ್, ಬೇಯಿಸಿದ ಮೊಟ್ಟೆ, ಹೆಚ್ಚಿದ ಎಲೆಕೋಸಿನ ಸಲಾಡು ಬರುತ್ತದೆ. ಕಾಸು ಕಾಫಿಯದು ಮಾತ್ರ. ಕೆಲವು ಕಡೆ ಮೊಸರು, ಬಾಳೆಹಣ್ಣು ಸಹ. ಟೋಸ್ಟಿನ ಮೇಲೆ ಒಗುರಾ ಬೇಕೇ ಎಂದು ಕೇಳಿದರೆ ಹೂಂ ಅನ್ನಿ. ಅದು ಕೆಂಪು ಅಲಸಂದೆಯಂಥ ಕಾಳನ್ನು ಬೇಯಿಸಿ ಸಕ್ಕರೆ ಹಾಕಿ ಅರೆದದ್ದು, ಹೋಳಿಗೆ ಹೂರಣ ತಿಂದು ಬೆಳೆದ ನಾಲಿಗೆಗೆ ಪರಿಚಯವೇ ಬೇಡ. ಬೆಣ್ಣೆಯ ಉಪ್ಪು, ಹೂರಣದ ಸಿಹಿ, ಮೇಲೆ ಕಹಿ ಕಾಫಿ: ಟೋಕಿಯೊದಲ್ಲಿ ಇದರ ಮೂರು ಪಟ್ಟು ಕೊಟ್ಟರೂ ಈ ತೃಪ್ತಿ ಸಿಗುವುದಿಲ್ಲ. ಸಸ್ಯಾಹಾರಿಗಳು ‘ತಮಾಗೊ ನಾಶಿ’ ಎಂದರೆ ಮೊಟ್ಟೆ ಬಿಟ್ಟು ಕೊಡುತ್ತಾರೆ. ಪುಟ್ಟ ಬಟ್ಟಲಲ್ಲಿ ಬಿಸಿಬಿಸಿ ಹಳದಿ ಕಡುಬಿನಂಥದ್ದು ಅಥವಾ ಮಿಸೊ ಸಾರು ಬಂದರೆ ಮುಟ್ಟಬೇಡಿ, ಎರಡರಲ್ಲೂ ಮೀನಿನ ಸಾರ ಇರುತ್ತದೆ. ಗೋಡೆಯ ಮೇಲೆ ಹೆಸರು ಬರೆದು ನೇತು ಹಾಕಿರುವ ಚೀಟಿಗಳು ಖಾಯಂ ಗಿರಾಕಿಗಳ ಮುಂಗಡ ಕಾಫಿ ಟಿಕೆಟುಗಳು. ಹನ್ನೊಂದರ ಮೇಲೆ ಹೋದರೆ ಟೋಸ್ಟ್ ಇಲ್ಲ, ಆಗಲೂ ಬರಿಯ ಕಾಫಿ ಕೊಡಲು ಮನಸ್ಸು ಬಾರದೆ ಕಡಲೆಕಾಯಿ ಬೀಜದ ಪೊಟ್ಟಣ ಇಟ್ಟುಹೋಗುತ್ತಾರೆ. ಕೆಲವು ಅಂಗಡಿಗಳಲ್ಲಿ ಸಿಗರೇಟು ಹೊಗೆ ಇದೆ, ಸಹಿಸಲಾಗದವರು ಬಾಗಿಲಲ್ಲೇ ಮೂಸಿ ನೋಡಿ ಒಳಗೆ ಹೋಗಿ.

ಕ್ಯೋಟೊ ಬಗ್ಗೆ ಇಲ್ಲಿ ಬರೆಯುವುದಿಲ್ಲ. ಕತ್ತಿಗಾಗಿ ಅಲ್ಲಿಯ ಗದ್ದಲ ಸಹಿಸಬೇಕಾದ ಅಗತ್ಯ ಕಾಣೆ.

ಒಂದೇ ಊರು ಎಂದರೆ ನನ್ನ ಮತ ಒಕಾಯಾಮಾ ಪ್ರಾಂತದ ಒಸಾಫುನೆಗೆ. ಹಳೆಯ ಬಿಜೆನ್ ನಾಡು. ಚುಗೊಕು ಬೆಟ್ಟಗಳ ಕಬ್ಬಿಣದ ಮರಳು, ಯೊಶಿಇ ಹೊಳೆ, ಪಕ್ಕದಲ್ಲೇ ಹೆದ್ದಾರಿ, ಮೂರೂ ಕೂಡಿದ ಜಾಗ. ರಾಷ್ಟ್ರೀಯ ನಿಧಿ ಎನಿಸಿಕೊಂಡ ಕತ್ತಿಗಳಲ್ಲಿ ಹತ್ತಿರ ಹತ್ತಿರ ಅರ್ಧ ಬಿಜೆನ್‌ನವು. 1590ರ ಸುಮಾರಿಗೆ ಅದೇ ಹೊಳೆ ಉಕ್ಕಿ ಕಮ್ಮಾರರ ಕೇರಿಗಳನ್ನು ಕೊಚ್ಚಿಕೊಂಡು ಹೋದ ಮೇಲೆ ಈ ಊರು ಮೊದಲಿನಂತೆ ಏಳಲಿಲ್ಲ. ಈಗ ಅಲ್ಲಿರುವುದು ಗದ್ದೆಗಳ ನಡುವೆ ಒಂದು ಸಂಗ್ರಹಾಲಯ, ಅದರ ಆವರಣದಲ್ಲೇ ಕುಲುಮೆ, ಸಾಣೆ ಹಿಡಿಯುವವರು, ಒರೆ ಮಾಡುವವರು, ಲೋಹದ ಕೆತ್ತನೆಯವರ ಕೋಣೆಗಳು. ಸಾಣೆಯವರ ಮುಂದೆ ಸುಮ್ಮನೆ ಹತ್ತು ನಿಮಿಷ ನಿಲ್ಲಿ. ಒರಟಿನಿಂದ ನುಣುಪಿಗೆ ಕಲ್ಲು ಬದಲಿಸುತ್ತ, ಕೊನೆಗೆ ಉಗುರಿನಷ್ಟು ತೆಳುವಾದ ಕಲ್ಲಿನ ಚೂರನ್ನು ಹೆಬ್ಬೆರಳ ಕೆಳಗೆ ಇಟ್ಟು ಉಜ್ಜುತ್ತಾರೆ. ಸಂಗ್ರಹಾಲಯದಲ್ಲಿ ಅಲಗಿನ ಮೈ ಹಾಗೆ ಕಾಣಲು ಕಾರಣ ಇವರು. ಕಮ್ಮಾರನ ಹೆಸರು ಫಲಕದಲ್ಲಿರುತ್ತದೆ, ಇವರದು ಇರುವುದಿಲ್ಲ. ಕತ್ತಿ ಬಡಿತ ಸಾಮಾನ್ಯವಾಗಿ ತಿಂಗಳ ಎರಡನೆಯ ಭಾನುವಾರ. ಇಲ್ಲಾಗಲಿ ಸೆಕಿಯಲ್ಲಾಗಲಿ, ಬಡಿತದ ಭಾನುವಾರಕ್ಕೆ ಮಾತ್ರ ಉಯೆನೊದಲ್ಲಿ ಹೇಳಿದ ‘ವಾರಾಂತ್ಯ ಬೇಡ’ ಎಂಬ ನನ್ನ ನಿಯಮಕ್ಕೆ ರಿಯಾಯಿತಿ.

ಇಲ್ಲಿಯ ಹೆಮ್ಮೆ ‘ಸಾಂಚೊಮೊ’, ಹದಿಮೂರನೆಯ ಶತಮಾನದ ತಾಚಿ, ಹದಿನಾರನೆಯ ಶತಮಾನದ ಯೋಧ ದೊರೆ ಉಎಸುಗಿ ಕೆನ್‌ಶಿನ್ ಮನೆಯಲ್ಲಿದ್ದದ್ದು. 2020ರಲ್ಲಿ ಸೆತೊಉಚಿ ಎಂಬ ಈ ಚಿಕ್ಕ ನಗರಸಭೆ ಜನರಿಂದ ದೇಣಿಗೆ ಎತ್ತಿ 50 ಕೋಟಿ ಯೆನ್ನಿಗೆ ಅದನ್ನು ಕೊಂಡಿತು. ಅದರ ಹಾಮೋನ್ ಹೂವಿನ ಗೊಂಚಲು ಸುರಿದಂತೆ ಗಿಜಿಗುಟ್ಟುತ್ತದೆ, ನೇರ ಗೆರೆಯ ಕತ್ತಿಗಳಲ್ಲಿ ಏನೂ ಕಾಣದವರಿಗೂ ಇದರಲ್ಲಿ ಕಾಣುತ್ತದೆ. ವರ್ಷಪೂರ್ತಿ ಇಡುವುದಿಲ್ಲ, ಇಟ್ಟಾಗ ಟಿಕೆಟ್ ದರ ಹೆಚ್ಚು, ಜನವೂ ಹೆಚ್ಚು.

ತಲುಪುವುದು ಮಾತ್ರ ತ್ರಾಸ. ಒಕಾಯಾಮಾದಿಂದ ಆಕೊ ಮಾರ್ಗದ ರೈಲು ಗಂಟೆಗೆ ಸುಮಾರು ಒಂದು. ಒಸಾಫುನೆ ಸ್ಟೇಷನ್ನಿನಿಂದ ಸಂಗ್ರಹಾಲಯಕ್ಕೆ ಟ್ಯಾಕ್ಸಿಯಲ್ಲಿ ಹತ್ತು ನಿಮಿಷದೊಳಗೆ, ನಡೆದರೆ ಅರ್ಧ ಗಂಟೆಗೂ ಹೆಚ್ಚು, ದಾರಿಯಲ್ಲಿ ನೆರಳಿಲ್ಲ. ಸ್ಟೇಷನ್ ಮುಂದೆ ಟ್ಯಾಕ್ಸಿ ಕಾದಿರುತ್ತದೆ ಎಂದು ನಂಬಬೇಡಿ, ಹಿಂದಿನ ದಿನ ಹೋಟೆಲಿನವರಿಂದ ಫೋನು ಮಾಡಿಸಿ ಹೇಳಿಡಿ. ಹಿಂದಿರುಗಲು ಸಂಗ್ರಹಾಲಯದ ಕೌಂಟರಿನಲ್ಲಿ ಕೇಳಿದರೆ ಕರೆಸಿಕೊಡುತ್ತಾರೆ. ಆಗಸ್ಟಿನಲ್ಲಿ ನಡೆದು ಹೋಗುವ ಶೌರ್ಯ ಬೇಡವೇ ಬೇಡ.

ಉಕ್ಕಿನ ಮೂಲ ನೋಡಬೇಕೆಂಬ ಆಸೆ ಇದ್ದವರು ಶಿಮಾನೆ ಪ್ರಾಂತದ ಒಕುಇಜುಮೊಗೆ ಹೋಗುತ್ತಾರೆ. 1977ರಿಂದ ಕತ್ತಿ ಸಂಘ ಅಲ್ಲಿ ಚಳಿಗಾಲದಲ್ಲಿ ಮಣ್ಣಿನ ಕುಲುಮೆ ಹೊತ್ತಿಸುತ್ತದೆ: ಮೂರು ಹಗಲು ಮೂರು ರಾತ್ರಿ, 10 ಟನ್ ಕಬ್ಬಿಣದ ಮರಳು, 12 ಟನ್ ಇದ್ದಿಲು, ಕೊನೆಗೆ ಕುಲುಮೆ ಒಡೆದು ತೆಗೆಯುವ ಸುಮಾರು 2.5 ಟನ್ ಗಟ್ಟಿ. ಅದರಲ್ಲಿ ಕತ್ತಿಗೆ ಬರುವ, ತಾಮಾಹಾಗಾನೆ ಎಂಬ ಉಕ್ಕು ಒಂದು ಟನ್ನಿಗೂ ಕಡಿಮೆ. ಆದರೆ ಆ ಕೆಲಸ ಪ್ರವಾಸಿಗಳಿಗೆ ತೆರೆದಿಲ್ಲ. ಕುಲುಮೆಯ ನೆಲದಡಿಯ ರಚನೆಯನ್ನು ಸೀಳಿ ತೋರಿಸಿರುವ ಮಾದರಿ ಅಲ್ಲಿನ ಸಂಗ್ರಹಾಲಯದಲ್ಲಿದೆ, ಉನ್ನಾನ್ ನಗರಕ್ಕೆ ಸೇರಿದ ಸುಗಾಯಾದಲ್ಲಿ 1921ರವರೆಗೆ ಉರಿದ ಕುಲುಮೆಯ ಮನೆ ಉಳಿದಿದೆ. ಕಾರು ಓಡಿಸಲು ಬರುವವರು ಮಾತ್ರ ಹೋಗಿ, ರೈಲು ನಂಬಿ ಹೋದರೆ ದಿನ ಸ್ಟೇಷನ್ನಿನಲ್ಲೇ ಕಳೆಯುತ್ತದೆ.

ಹಣ ಕೀಳುವ ಜಾಗ ಯಾವುದೆಂದರೆ ದೊಡ್ಡ ಊರುಗಳ ಪ್ರವಾಸಿ ಬೀದಿಯ ‘ಸಮುರಾಯ್ ಅನುಭವ’. ಹತ್ತು ಸಾವಿರ ಯೆನ್ ಆಸುಪಾಸು ಕೊಟ್ಟರೆ ಬಾಡಿಗೆ ಕಿಮೊನೊ ಸುತ್ತಿ, ಸತುವಿನ ಮಿಶ್ರಲೋಹದ ಬೊಂಬೆ ಕತ್ತಿ ಕೈಗಿತ್ತು, ಫೋಟೊ ಹೊಡೆದು ಕಳಿಸುತ್ತಾರೆ. ಅವರ ಜಾಹೀರಾತಿನಲ್ಲಿ ‘ನಿಜವಾದ ಕತ್ತಿ’ ಎಂದಿದ್ದರೆ ಎರಡು ಪ್ರಶ್ನೆ ಕೇಳಿ: ನೋಂದಣಿ ಪತ್ರ ಇದೆಯೇ, ಕತ್ತರಿಸುವುದು ಹುಲ್ಲಿನ ಚಾಪೆಯ ಸುರುಳಿಯನ್ನೇ. ಇವೆರಡಕ್ಕೂ ತಡವರಿಸಿದರೆ ಹೊರಟುಬಿಡಿ. ಅದೇ ದುಡ್ಡಿಗೆ ಒಸಾಫುನೆಗೆ ಹೋಗಿ ಬರಬಹುದು, ಟ್ಯಾಕ್ಸಿ ಸೇರಿ.

ಕೊಳ್ಳುವ ವಿಷಯ. ಜಪಾನಿನಲ್ಲಿ ಪ್ರತಿಯೊಂದು ನಿಜವಾದ ಕತ್ತಿಗೂ ಉದ್ದ, ಬಾಗು, ತೂತುಗಳ ಸಂಖ್ಯೆ, ಸಹಿ ಬರೆದ ನೋಂದಣಿ ಪತ್ರ ಇರಬೇಕು. ಪರವಾನಗಿ ಪಡೆದ ಕಮ್ಮಾರ ಕನಿಷ್ಠ ಐದು ವರ್ಷ ಗುರುವಿನ ಬಳಿ ದುಡಿದಿರಬೇಕು, ತಿಂಗಳಿಗೆ ಎರಡಕ್ಕಿಂತ ಹೆಚ್ಚು ಉದ್ದಕತ್ತಿ ಮಾಡುವಂತಿಲ್ಲ. ಹಾಗಾಗಿ ಅಗ್ಗದ ಹೊಸ ಕತ್ತಿ ಎಂಬುದು ಇಲ್ಲವೇ ಇಲ್ಲ. ದೇಶದ ಹೊರಗೆ ಒಯ್ಯಲು ಸಂಸ್ಕೃತಿ ಇಲಾಖೆಯ ಪ್ರಮಾಣಪತ್ರ ಬೇಕು, ಅದಕ್ಕೆ ವಾರಗಟ್ಟಲೆ ಹಿಡಿಯುತ್ತದೆ. ನಮ್ಮ ಕಡೆ 1959ರ ಆಯುಧ ಕಾಯ್ದೆ ಇದೆ. ಬೆಂಗಳೂರಿನ ಕಸ್ಟಮ್ಸಿನಲ್ಲಿ ಅದು ಕಲಾಕೃತಿ ಎಂದು ವಾದಿಸುತ್ತ ನಿಲ್ಲುವ ಆಸೆ ಯಾರಿಗಿದೆಯೋ ಕಾಣೆ.

ಬದಲಿಗೆ ತ್ಸುಬಾ ಕೊಳ್ಳಿ. ಹಿಡಿಗೂ ಅಲಗಿಗೂ ನಡುವೆ ಇರುವ ಅಂಗೈಯಗಲದ ಲೋಹದ ಬಿಲ್ಲೆ. ಅದಕ್ಕೆ ನೋಂದಣಿ ಬೇಡ, ಎಡೋ ಕಾಲದ, ಅಂದರೆ ತೋಕುಗಾವಾ ಆಳ್ವಿಕೆಯ ಕಾಲದ, ಸಾದಾ ಕಬ್ಬಿಣದ್ದು ಹತ್ತು ಸಾವಿರ ಯೆನ್ ಸುತ್ತಮುತ್ತ ಸಿಗುತ್ತದೆ. ನಡುವಿನ ತೂತಿನ ಅಂಚು ನೋಡಿ: ನಿಜವಾಗಿ ಕತ್ತಿಗೆ ಕೂತದ್ದಾದರೆ ಸವೆತ, ಉಳಿಯ ಗಾಯ, ಕೆಲವೊಮ್ಮೆ ಸಂದಿಗೆ ಬಡಿದ ತಾಮ್ರದ ಚೂರು ಇರುತ್ತದೆ. ಅಂಚು ಸುತ್ತ ಅಚ್ಚಿನ ಗೆರೆ ಕಂಡರೆ ಎರಕ ಹೊಯ್ದ ನಕಲು. ಸೆಕಿಯಲ್ಲಿ ಅಡುಗೆ ಚಾಕು ಕೊಂಡರೆ ಪೆಟ್ಟಿಗೆ ಬಿಚ್ಚದೆ, ಸೂಟ್‌ಕೇಸಿನ ತಳದಲ್ಲಿ, ಬಿಲ್ಲಿನ ಜೊತೆ ಇಡಿ. ಆರು ಸೆಂಟಿಮೀಟರಿಗಿಂತ ಉದ್ದದ ಅಲಗನ್ನು ಕಾರಣವಿಲ್ಲದೆ ಹೊತ್ತು ತಿರುಗುವುದು ಅಲ್ಲಿ ಅಪರಾಧ, ಆಟದ ಕತ್ತಿಯನ್ನು ಹೆಗಲಿಗೇರಿಸಿ ರೈಲಿನಲ್ಲಿ ಓಡಾಡಿದರೂ ಪೊಲೀಸರು ತಡೆದು ಕೇಳುತ್ತಾರೆ. ವಿಮಾನದಲ್ಲಿ ಚೆಕ್ ಇನ್ ಸಾಮಾನಿನಲ್ಲೇ ಹೋಗಬೇಕು. ಟೋಕಿಯೊಗೆ ಹಿಂದಿರುಗುವ ಯೋಚನೆ ಇಲ್ಲದಿದ್ದರೆ ಸೆಕಿಯನ್ನು ಕೊನೆಗೆ ಇಟ್ಟುಕೊಂಡು ನಾಗೊಯಾದಿಂದಲೇ ವಿಮಾನ ಹತ್ತಿ, ಚಾಕು ಹೊತ್ತು ಊರೂರು ಸುತ್ತುವುದು ತಪ್ಪುತ್ತದೆ.